ಬರ್ಮಾ ಸಂಕ, ಬೈಂದೂರು ಸಂಕ

"ನಾವ್ ಅವ್ರಿಗ್ ದುಡ್ಡ್ ಕೊಡುದಾ? ಅವ್ರ್ ನಮ್ಗ್ ಕೊಡುದಲ್ದಾ?"

ಹಗ್ಗದಾಟದ ಪಾರ್ಕಿನ ಟಿಕೆಟ್ ಕೌಂಟರಿನ ಎದುರು ನಿಂತು ಚಿಕ್ಕಪ್ಪ ಕೇಳಿದ ಮೊದಲ ಪ್ರಶ್ನೆ ಇದು. ಅವರ ಲೆಕ್ಕದಲ್ಲಿ ತಪ್ಪೇನೂ ಇರಲಿಲ್ಲ. ಬೈಂದೂರು ಕಡೆಯ ಹಳ್ಳಿಯಲ್ಲಿ ನಲವತ್ತು ವರ್ಷ ಅಡಿಕೆ ಮರ ಹತ್ತಿದವರು. ಮರ ಹತ್ತಿದವನಿಗೆ ಕೂಲಿ ಕೊಡಬೇಕು, ಹತ್ತು ಗಂಟೆಗೆ ಚಾ ಕೊಡಬೇಕು, ಮಧ್ಯಾಹ್ನ ಊಟ ಹಾಕಬೇಕು. ಅವರು ಕಂಡ ಲೋಕ ಅದು. ಹತ್ತುವವನೇ ಮರದ ಯಜಮಾನನಿಗೆ ದುಡ್ಡು ಕೊಟ್ಟು, ಥ್ಯಾಂಕ್ಸ್ ಹೇಳಿ, ಫೋಟೋ ತೆಗೆಸಿಕೊಂಡು ಹೋಗುವುದನ್ನು ಅವರು ಎಲ್ಲೂ ಕಂಡಿರಲಿಲ್ಲ.

ಈ ಜಾಗ ಉಡುಪಿಯ ನಮ್ಮ ಮನೆಯಿಂದ ಕಾರಿನಲ್ಲಿ ಮುಕ್ಕಾಲು ಗಂಟೆ. ಮೊದಲು ಯಾರದೋ ಹಾಡಿಯಾಗಿತ್ತು. ಮಾವು, ಹಲಸು, ಒಂದಷ್ಟು ಗಾಳಿಮರ. ಈಗ ಮರದಿಂದ ಮರಕ್ಕೆ ಉಕ್ಕಿನ ಹಗ್ಗ ಬಿಗಿದು, ಅದಕ್ಕೆ ಹಲಗೆ, ಹಳೇ ಟಯರು, ಡ್ರಮ್ಮು ಎಲ್ಲ ನೇತುಹಾಕಿದ್ದಾರೆ. ಮನೆಯ ಹಿತ್ತಲಲ್ಲಿ ಇಷ್ಟು ಸಾಮಾನು ನೇತಾಡುತ್ತಿದ್ದರೆ ನನ್ನ ಹೆಂಡತಿ ಗುಜರಿಯವನನ್ನು ಕರೆಯುತ್ತಿದ್ದಳು. ಇಲ್ಲಿ ಅದಕ್ಕೆ ತಲೆಗೆ 750 ರೂಪಾಯಿ. ಅದರ ಮೇಲೆ 18 ಪರ್ಸೆಂಟ್ ಜಿಎಸ್‌ಟಿ. ಒಟ್ಟು 885.

ಪ್ಲಾನು ನನ್ನದಲ್ಲ. ಡಿಸೆಂಬರ್ ರಜೆಗೆ ಬೆಂಗಳೂರಿನಿಂದ ಬಂದ ಹೆಂಡತಿಯ ತಮ್ಮನದು. ದಿನಕ್ಕೆ ಹತ್ತು ಗಂಟೆ ಕುರ್ಚಿಯಲ್ಲಿ ಕುಳಿತು ಕೆಲಸ ಮಾಡುವವನು. ಅವನಿಗೆ ಆಗಾಗ ಜೀವಭಯ ಆಗಬೇಕಂತೆ. ಇಲ್ಲದಿದ್ದರೆ ಮನಸ್ಸಿಗೆ ಫ್ರೆಶ್ ಅನಿಸುವುದಿಲ್ಲವಂತೆ. ಉಡುಪಿಯಿಂದ ಮಂಗಳೂರಿಗೆ ಒಂದು ಎಕ್ಸ್‌ಪ್ರೆಸ್ ಬಸ್ಸಿನಲ್ಲಿ, ಡ್ರೈವರ್ ಹಿಂದಿನ ಸೀಟಿನಲ್ಲಿ ಕೂರಿಸಿ ಕಳಿಸಿದ್ದರೆ ಕಮ್ಮಿ ಖರ್ಚಿನಲ್ಲಿ ಮುಗಿಯುತ್ತಿತ್ತು. ಆದರೆ ಹೆಂಡತಿಯ ತಮ್ಮ ನೋಡಿ, ಬಾಯಿ ಬಿಡಲಿಲ್ಲ. ಹಿಂದಿನ ರಾತ್ರಿ ಯಾವುದೋ ಮದುವೆಗೆ ಬಂದ ಚಿಕ್ಕಪ್ಪ ನಮ್ಮಲ್ಲೇ ಉಳಿದಿದ್ದರು. ಅವರನ್ನೂ ಕಾರಿಗೆ ಹತ್ತಿಸಿದೆವು.

ಕೌಂಟರಿನಲ್ಲಿದ್ದ ಹುಡುಗಿ ಚಿಕ್ಕಪ್ಪನ ತಲೆಕೂದಲು ನೋಡಿದಳು. "ಅಂಕಲ್ ಏಜ್ ಎಷ್ಟು?"

"ಅರ್ವತ್ನಾಲ್ಕ್."

"ಸಾರಿ ಅಂಕಲ್. ಅರುವತ್ತರ ಮೇಲಿನವರಿಗೆ ಅಲೋ ಇಲ್ಲ. ಇಪ್ಪತ್ತೈದು ಅಡಿ ಎತ್ತರ ಅಲ್ವಾ, ನಿಮಗೆ ರಿಸ್ಕ್ ಆಗ್ತದೆ. ನೀವು ಕೆಳಗೆ ಕೂತು ನೋಡಿ. ನೋಡುವವರಿಗೆ ನೂರು ರೂಪಾಯಿ."

ಆ ಮನುಷ್ಯ ಎರಡು ದಿನದ ಹಿಂದಷ್ಟೇ ಎಪ್ಪತ್ತು ಮರದ ಗೊನೆ ಇಳಿಸಿದ್ದರು. ಒಂದೊಂದು ಮರವೂ ಐವತ್ತು ಅಡಿಗೆ ಕಮ್ಮಿ ಇಲ್ಲ. ಪಾದಕ್ಕೆ ಹಾಕುವ ತಳೆಯೊಂದೇ ಅವರ ಸೇಫ್ಟಿ. ಹೆಲ್ಮೆಟ್ ಅಂದರೆ ತಲೆಗೆ ಸುತ್ತಿದ ತೋರ್ತು. ಒಂದು ಮರದ ಕೆಲಸ ಮುಗಿದರೆ ಕೆಳಗಿಳಿಯುವ ಪದ್ಧತಿಯೂ ಇಲ್ಲ. ತುದಿಯಲ್ಲೇ ಮರವನ್ನು ತೂಗಿ ತೂಗಿ, ಪಕ್ಕದ ಮರ ಕೈಗೆ ಸಿಕ್ಕಿದ ಕೂಡಲೇ ಇದನ್ನು ಬಿಟ್ಟು ಅದಕ್ಕೆ ದಾಟುವುದು. ಮಳೆಗಾಲದಲ್ಲಿ ಕೊಳೆರೋಗಕ್ಕೆ ಮದ್ದು ಬಿಡುವಾಗ ಇನ್ನೂ ಚಂದ. ಮರ ಜಾರುತ್ತದೆ, ಸೊಂಟದಲ್ಲಿ ಪೈಪು, ಮೈಮೇಲೆಲ್ಲ ಮೈಲುತುತ್ತು ಸುಣ್ಣದ ನೀಲಿ. ಆ ನೀಲಿ ಬಣ್ಣಕ್ಕೆ ಇವರು ಇಲ್ಲಿ ಎಕ್ಸ್‌ಟ್ರಾ ಚಾರ್ಜ್ ಮಾಡುತ್ತಿದ್ದರೇನೋ.

ಮರ ಹತ್ತುವ ಜನ ಸಿಗುವುದಿಲ್ಲ ಎಂದು ಕರಾವಳಿಯ ತೋಟದವರು ಅಳುವುದು ನಿಮಗೂ ಗೊತ್ತು. ಅದಕ್ಕೇ ನೆಲದಲ್ಲೇ ನಿಂತು ಗೊನೆ ಇಳಿಸುವ ಕಾರ್ಬನ್ ಫೈಬರಿನ ದೋಟಿ ಬಂತು. 2019ರಲ್ಲಿ ಬಂಟ್ವಾಳ ಕಡೆಯ ಕೃಷಿಕರೊಬ್ಬರು ಮರ ಹತ್ತುವ ಬೈಕನ್ನೇ ಮಾಡಿದರು. ಹತ್ತುವ ಜನ ಎಲ್ಲಿ ಹೋದರು ಎಂಬುದು ನನಗೆ ಅವತ್ತು ಗೊತ್ತಾಯಿತು. ಎಲ್ಲರೂ ಇಲ್ಲಿ ಕ್ಯೂ ನಿಂತಿದ್ದರು. ಬಿಲ್ಲು ಕೈಯಲ್ಲಿ ಹಿಡಿದುಕೊಂಡು.

ಟಿಕೆಟ್ ಆದ ಮೇಲೆ ಫಾರ್ಮು. ಮೊಬೈಲಿನಲ್ಲಿ, ಇಂಗ್ಲಿಷಿನಲ್ಲಿ. ಮೈಲುದ್ದ ಇತ್ತು. ಕೊನೆಗೆ ಕೈ ಮುರಿದರೂ ಕಾಲು ಮುರಿದರೂ ಜೀವ ಹೋದರೂ ನಾವು ಜವಾಬ್ದಾರರಲ್ಲ, ನೀವು ಖುಷಿಯಿಂದಲೇ ಬಂದಿದ್ದೀರಿ ಎಂಬ ಅರ್ಥದ ಒಂದು ಸಾಲು. ಎಲ್ಲರೂ ಓದದೆ ಬೆರಳು ಒತ್ತಿದರು. ಚಿಕ್ಕಪ್ಪ ಮಾತ್ರ ನನ್ನ ಕೈಲಿ ಓದಿಸಿ ಅರ್ಥ ಕೇಳಿದರು. ಕೇಳಿ ತಲೆಯಾಡಿಸಿದರು. ನಮ್ಮೂರಲ್ಲಿ ಇದಕ್ಕೆ ಸಹಿ ಬೇಡ, ಹುಟ್ಟಿದ ಕೂಡಲೇ ಒಪ್ಪಿದ ಹಾಗೇ ಎಂದರು.

ಆಮೇಲೆ ತರಬೇತಿ. ಸೊಂಟಕ್ಕೆ ಬೆಲ್ಟು, ತೊಡೆಗೆ ಬೆಲ್ಟು, ತಲೆಗೆ ಹೆಲ್ಮೆಟ್, ಕೈಗೆ ಗ್ಲೌಸು. ಸೊಂಟದಿಂದ ಎರಡು ಕೊಕ್ಕೆ ನೇತಾಡುತ್ತವೆ. ಒಂದು ಕೆಂಪು, ಒಂದು ನೀಲಿ. ಕೆಂಪನ್ನು ಬಿಚ್ಚುವಾಗ ನೀಲಿ ಹಗ್ಗದಲ್ಲೇ ಇರಬೇಕು. ಕೆಂಪು ಸಿಕ್ಕಿಸಿದ ಮೇಲೆ ನೀಲಿಯನ್ನು ಬಿಚ್ಚಬೇಕು. ಎರಡನ್ನೂ ಒಟ್ಟಿಗೆ ಯಾವ ಕಾರಣಕ್ಕೂ ಬಿಚ್ಚಬಾರದು. ಟ್ರೈನರ್ ಹುಡುಗ ಇದನ್ನು ನಾಲ್ಕು ಸಲ ಹೇಳಿದ, ನಮ್ಮಿಂದ ನಾಲ್ಕು ಸಲ ಹೇಳಿಸಿದ. ಮನುಷ್ಯನ ಜೀವದ ಬಗ್ಗೆ ಇಷ್ಟೊಂದು ಕಾಳಜಿಯನ್ನು ಉಡುಪಿ ಜಿಲ್ಲೆಯಲ್ಲಿ ನಾನು ನೋಡಿದ್ದು ಅದೇ ಮೊದಲು. (ಸಂಜೆ ಅದೇ ಹುಡುಗ ಹೆಲ್ಮೆಟ್ ಇಲ್ಲದೆ, ಹಿಂದೆ ಇಬ್ಬರನ್ನು ಕೂರಿಸಿಕೊಂಡು ಹೆದ್ದಾರಿ ಕಡೆ ಬೈಕು ತಿರುಗಿಸಿದ. ಪಾಪ, ಅಲ್ಲಿ ಕೆಂಪು ನೀಲಿ ಯಾವುದೂ ಇರಲಿಲ್ಲ.)

ಮಕ್ಕಳಿಬ್ಬರೂ ಮಂಗಗಳ ಹಾಗೆ ದಾಟಿಹೋದರು. ಹೆಂಡತಿ ಸೀರೆಯ ಬದಲು ಪ್ಯಾಂಟು ಹಾಕಿದ ಧೈರ್ಯದಲ್ಲಿ ದಾಟಿದಳು. ನನ್ನದು ಬೇಡ ಬಿಡಿ. ವಿಷಯ ಇರುವುದು ಬರ್ಮಾ ಬ್ರಿಡ್ಜಿನಲ್ಲಿ. ಕಾಲಿಗೆ ಒಂದು ಹಗ್ಗ, ಎರಡು ಕೈಗೆ ಎರಡು ಹಗ್ಗ, ನಡುವೆ ಅಲ್ಲಲ್ಲಿ ಕಟ್ಟು. ಮೂವತ್ತು ಅಡಿ ಉದ್ದ. ಹೆಂಡತಿಯ ತಮ್ಮ ಹದಿನೈದನೇ ಅಡಿಯಲ್ಲಿ ನಿಂತುಬಿಟ್ಟ. ಹಿಂದಕ್ಕೂ ಇಲ್ಲ, ಮುಂದಕ್ಕೂ ಇಲ್ಲ. ಅವನ ಮೊಣಕಾಲು ನಡುಗುತ್ತಿತ್ತು, ಮೊಣಕಾಲಿನಿಂದ ಹಗ್ಗ ನಡುಗುತ್ತಿತ್ತು, ಹಗ್ಗದಿಂದ ಆಚೆ ಕಡೆಯ ಮಾವಿನ ಮರದ ಎಲೆ ನಡುಗುತ್ತಿತ್ತು. ಟ್ರೈನರ್ "ಲುಕ್ ಅಹೆಡ್ ಸಾರ್, ಬ್ರೀದ್ ಸಾರ್" ಎನ್ನುತ್ತಿದ್ದ. ಸಾರ್‌ಗೆ ಉಸಿರಾಡುವುದು ಮರೆತುಹೋಗಿತ್ತು.

ನೂರು ರೂಪಾಯಿಯ ಬೆಂಚಿನಿಂದ ಚಿಕ್ಕಪ್ಪ ಎದ್ದರು.

"ಹ್ವಾಯ್, ಕೆಳ್ಗ್ ಕಾಣ್ಬೇಡಿ ಮರಾಯ್ರೆ! ನೀರಿಲ್ಲ, ಎಂತದೂ ಇಲ್ಲ. ಕಾಲ್ ಅಡ್ಡ ಇಡಿ. ಅಡ್ಡ! ನಮ್ಮೂರ್ ಸಂಕ ಇದ್ಕಿಂತ ಸಪೂರ!"

ಅಡ್ಡ ಇಟ್ಟ. ಒಂದು ಹೆಜ್ಜೆ. ಇನ್ನೊಂದು. ಐದು ನಿಮಿಷದಲ್ಲಿ ಮಾವಿನ ಮರ ಅಪ್ಪಿಕೊಂಡು ನಿಂತ. ಕೆಳಗಿದ್ದವರು ಚಪ್ಪಾಳೆ ತಟ್ಟಿದರು. ಟ್ರೈನರ್ ಬಂದು ಚಿಕ್ಕಪ್ಪನ ಹತ್ತಿರ, "ಅಂಕಲ್, ನೀವು ಮೊದಲು ಎಲ್ಲಿ ಮಾಡಿದ್ದೀರಿ ಇದು? ದಾಂಡೇಲಿಯಾ?" ಎಂದು ಕೇಳಿದ.

ಚಿಕ್ಕಪ್ಪ ಮಾಡಿದ್ದು ದಾಂಡೇಲಿಯಲ್ಲಿ ಅಲ್ಲ, ಮನೆಯಿಂದ ಶಾಲೆಗೆ ಹೋಗುವ ದಾರಿಯಲ್ಲಿ. ಅವರ ಊರಿನ ಕಾಲುಸಂಕವನ್ನು, ಅಂದರೆ ಹೊಳೆ ದಾಟುವ ಕಾಲುಸೇತುವೆಯನ್ನು, ನಾನೂ ದಾಟಿದ್ದೇನೆ. ಅಡಿಕೆ ಮರದ ಮೂರು ಕಾಂಡ ಒಟ್ಟಿಗೆ ಮಲಗಿಸಿ ಬಳ್ಳಿಯಲ್ಲೋ ಹಗ್ಗದಲ್ಲೋ ಬಿಗಿದದ್ದು. ಕೈತಾಂಗಿಗೆ ಒಂದು ಬದಿ ಬಿದಿರು. ಎರಡನೇ ಮಳೆಗೇ ಅದರ ಮೇಲೆ ಹಾವಸೆ ಕಟ್ಟುತ್ತದೆ. ಕೆಳಗೆ ಹೊಳೆ ಕೆಂಪಗೆ ಓಡುತ್ತಿರುತ್ತದೆ. ನಡುವೆ ನಿಂತು ಕೆಳಗೆ ನೋಡಿದರೆ ನೀರು ನಿಂತ ಹಾಗೆ, ಸಂಕವೇ ಓಡಿದ ಹಾಗೆ ಕಾಣುತ್ತದೆ. ತಲೆ ತಿರುಗುವುದು ಆಗಲೇ. ಬೆನ್ನಿಗೆ ಚೀಲ, ಒಂದು ಕೈಯಲ್ಲಿ ಕೊಡೆ, ಇನ್ನೊಂದು ಕೈಯಲ್ಲಿ ಬಿದಿರು. ಕೆಂಪು ಕೊಕ್ಕೆ ನೀಲಿ ಕೊಕ್ಕೆ ಇದ್ದರೂ ಸಿಕ್ಕಿಸಲು ಮೂರನೇ ಕೈ ಇಲ್ಲ. ಪ್ರತಿ ವರ್ಷ ಮಳೆಗೆ ಮುಂಚೆ ಊರವರೇ ಸೇರಿ ಹೊಸ ಕಾಂಡ ಹಾಕುತ್ತಾರೆ. ಜಿಎಸ್‌ಟಿ ಇಲ್ಲ.

ನನಗೆ ಜಾಸ್ತಿ ಖುಷಿ ಕೊಟ್ಟದ್ದು ಗೇಟಿನ ಬೋರ್ಡು. "ಸುರಕ್ಷತೆಯ ದೃಷ್ಟಿಯಿಂದ ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಮುಚ್ಚಲಾಗಿರುತ್ತದೆ." ಸರಿಯೇ. ಹಗ್ಗ ಜಾರುತ್ತದೆ, ಮರ ಜಾರುತ್ತದೆ. ಕಾಲುಸಂಕದ ಸೀಸನ್ ಕೂಡ ಜೂನ್‌ನಿಂದ ಸೆಪ್ಟೆಂಬರ್. ಬೇಸಿಗೆಯಲ್ಲಿ ಅದು ಯಾರಿಗೂ ಬೇಡ, ಹೊಳೆಗೇ ಇಳಿದು ಕಲ್ಲಿನ ಮೇಲೆ ದಾಟಬಹುದು. ಇವರು ಬೀಗ ಹಾಕುವ ದಿನ ಅವರದು ಓಪನ್. ಇವರಿಗೆ ಇಪ್ಪತ್ತೈದು ಅಡಿ ಕೆಳಗೆ ಬಲೆ, ಅವರಿಗೆ ಹತ್ತಡಿ ಕೆಳಗೆ ಹೊಳೆ.

2022ರ ಆಗಸ್ಟಿನಲ್ಲಿ ಬೈಂದೂರು ತಾಲೂಕಿನಲ್ಲಿ ಎರಡನೇ ಕ್ಲಾಸಿನ ಹುಡುಗಿಯೊಬ್ಬಳು ಶಾಲೆ ಬಿಟ್ಟು ಬರುವಾಗ ಕಾಲುಸಂಕದಿಂದ ಬಿದ್ದು ಕೊಚ್ಚಿಹೋದಳು. ಎರಡು ದಿನ ಹುಡುಕಿದರು.

ಈ ಹಗ್ಗದಾಟದ ಬೇರು ಹುಡುಕಿದರೆ ಜಾರ್ಜ್ ಎಬೇರ್ ಎಂಬ ಫ್ರೆಂಚ್ ನೌಕಾಪಡೆಯ ಅಧಿಕಾರಿ ಸಿಗುತ್ತಾನೆ. ನೂರು ವರ್ಷಕ್ಕೂ ಹಿಂದಿನ ಮಾತು. ಹಡಗಿನಲ್ಲಿ ಊರೂರು ತಿರುಗಿದವನು. ಯಾವ ಜಿಮ್ಮಿಗೂ ಹೋಗದ ಕಾಡಿನ ಜನ ಓಡುವುದು, ಹತ್ತುವುದು, ಹಾರುವುದು ನೋಡಿ ಬೆರಗಾದ. ಹಾಗೆ ಹತ್ತಿ ಹಾರಿ ದಾಟುವುದನ್ನೇ ತನ್ನ ದೇಶದವರಿಗೆ ವ್ಯಾಯಾಮ ಮಾಡಿ ಕಲಿಸಿದ. ಅದು ಸೈನ್ಯಕ್ಕೆ ಹೋಯಿತು, ಆಮೇಲೆ ಕ್ಯಾಂಪುಗಳಿಗೆ, ಆಮೇಲೆ ಪಾರ್ಕುಗಳಿಗೆ. ಈಗ ಕಾಡಿನ ಜನ ಮಾಡುತ್ತಿದ್ದದ್ದು ಒಂದು ಸುತ್ತು ಫ್ರಾನ್ಸಿಗೆ ಹೋಗಿ, ರೇಟು ಹಾಕಿಸಿಕೊಂಡು ನಮ್ಮ ಹಾಡಿಗೆ ವಾಪಸು ಬಂದಿದೆ. ನಮ್ಮ ಚಿಕ್ಕಪ್ಪನನ್ನು ಗೇಟಿನಲ್ಲೇ ನಿಲ್ಲಿಸಿದೆ.

ಕಾರಿನಲ್ಲಿ ಬರುವಾಗ ನನಗೊಂದು ಯೋಚನೆ ಬಂತು. ಸಂಕದ ಅರ್ಜಿ ಹಿಡಿದು ಲೋಕೋಪಯೋಗಿ ಇಲಾಖೆಗೆ ಅಲೆಯುವುದನ್ನು ನಿಲ್ಲಿಸಬೇಕು. ಅಲ್ಲಿ ಸಂಕ ಅಂದರೆ ಕಾಮಗಾರಿ. ಕಾಮಗಾರಿ ಅಂದರೆ ಅಂದಾಜು ಪಟ್ಟಿ, ಅನುದಾನ, ಮುಂದಿನ ಬಜೆಟ್. ಅದೇ ಅರ್ಜಿಯನ್ನು ಪ್ರವಾಸೋದ್ಯಮ ಇಲಾಖೆಗೆ ಕೊಟ್ಟರೆ? "ನಮ್ಮ ಊರಿನಲ್ಲಿ ಅಡಿಕೆ ಮರದ ಬರ್ಮಾ ಬ್ರಿಡ್ಜ್ ಇದೆ, ಕೆಳಗೆ ನಿಜವಾದ ಹೊಳೆ ಇದೆ, ದಿನಾ ಎರಡು ಹೊತ್ತು ಮಕ್ಕಳಿಂದ ಲೈವ್ ಶೋ ಇದೆ." ಮಾರನೇ ದಿನವೇ ಅಧಿಕಾರಿಗಳು ಬರುತ್ತಾರೆ. ಬಂದವರು ಮೊದಲು ಕೇಳುವುದೇ ಸೇಫ್ಟಿ. ಹೆಲ್ಮೆಟ್ ಎಲ್ಲಿ, ಬಲೆ ಎಲ್ಲಿ, ಕೊಕ್ಕೆ ಎಲ್ಲಿ, ಇನ್ಶೂರೆನ್ಸ್ ಎಲ್ಲಿ? ಯಾಕೆಂದರೆ ಪ್ರವಾಸಿ ಬಿದ್ದರೆ ಜಿಲ್ಲೆಯ ಹೆಸರು ಹಾಳಾಗುತ್ತದೆ. ಶಾಲೆಯ ಮಕ್ಕಳನ್ನು ಪ್ರವಾಸಿಗರು ಎಂದು ಬರೆಸಿಬಿಟ್ಟರೆ ಮುಗಿಯಿತು. ಮಳೆಗಾಲದಲ್ಲಿ ಸುರಕ್ಷತೆಗೆಂದು ಮುಚ್ಚಿಬಿಟ್ಟರೆ ಮಕ್ಕಳು ಹೇಗೆ ಶಾಲೆಗೆ ಹೋಗುವುದು ಎಂದು ನೀವು ಕೇಳಬಹುದು. ಆಗ ದಾಟಲು ಒಂದು ಸೇತುವೆ ಕಟ್ಟಲೇಬೇಕಾಗುತ್ತದೆ. ಟಿಕೆಟ್ ಕೌಂಟರಿನವರೆಗೆ.

ಇದನ್ನು ಹೇಳಿದಾಗ ಹೆಂಡತಿಯ ತಮ್ಮ ನಗಲಿಲ್ಲ. ಹಿಂದಿನ ಸೀಟಿನಲ್ಲಿ ತೊಡೆ ನೀವಿಕೊಂಡು ಕುಳಿತಿದ್ದ. ಚಿಕ್ಕಪ್ಪನೂ ನಗಲಿಲ್ಲ. ಅವರು ನನ್ನ ಮಗಳ ಕೈಯಲ್ಲಿದ್ದ ಸರ್ಟಿಫಿಕೇಟ್ ನೋಡುತ್ತಿದ್ದರು. ಹೊಳೆಯುವ ದಪ್ಪ ಕಾಗದ, ಬಂಗಾರದ ಬಣ್ಣದ ಅಂಚು. ಹಗ್ಗದ ಸೇತುವೆಯನ್ನು ಧೈರ್ಯದಿಂದ ದಾಟಿದ ವೀರೆ ಎಂದು ಅವಳ ಹೆಸರು ಬರೆದಿದ್ದರು.

"ಇದ್ ಒಂದ್ ದಿವ್ಸಕ್ಕ್ ನಂಗ್ ಕೊಡ್ತ್ಯಾ ಮಗಾ?" ಎಂದು ಕೇಳಿದರು.

"ಯಾಕಜ್ಜ?"

"ಗುರುವಾರ ಗ್ರಾಮಸಭೆ. ಸಂಕದ್ ಅರ್ಜಿ ಒಟ್ಟಿಗ್ ಇಡುಕೆ."

ಬಸ್‌ಸ್ಟ್ಯಾಂಡಿನ ಹತ್ತಿರ ಕಾರು ನಿಲ್ಲಿಸಿದೆ. ಜೆರಾಕ್ಸ್ ಅಂಗಡಿಯ ಹುಡುಗ ಸರ್ಟಿಫಿಕೇಟನ್ನು ತಿರುಗಿಸಿ ನೋಡಿ, ಒಂದು ಬದಿ ಸಾಕಾ ಎಂದು ಕೇಳಿದ.

"ಎರಡೂ ಬದಿ ತೆಗಿ," ಎಂದರು ಚಿಕ್ಕಪ್ಪ. "ಹಿಂದೆ ರೇಟ್ ಬರ್ದಿತ್ತಲ್ದಾ."