ಇಬ್ಬರಿಗೂ ತಲಾ ಹದಿನೈದು ನಿಮಿಷ

ಕಲಬುರಗಿಯಲ್ಲಿ ಮೊನ್ನೆ ‘ದಡಾರದ ಲಸಿಕೆ: ವರವೋ ಶಾಪವೋ?’ ಎಂಬ ಚರ್ಚೆ. ಸಂಘಟಕರು ಬಲು ನ್ಯಾಯವಂತರು. ವಿಜ್ಞಾನಕ್ಕೊಂದು ಕುರ್ಚಿ, ವಾಟ್ಸ್ಆ್ಯಪ್‌ಗೊಂದು ಕುರ್ಚಿ, ತಲಾ ಹದಿನೈದು ನಿಮಿಷ. ಮುಂದಿನ ತಿಂಗಳು ‘ಸೂರ್ಯ ಮೂಡುವ ದಿಕ್ಕು: ಪರ–ವಿರೋಧ’ ಇಡಲಿಕ್ಕೂ ಅಡ್ಡಿಯಿಲ್ಲ. ನಮ್ಮ ಬೇಸಿಗೆಯಲ್ಲಿ ಅವನು ನಾಲ್ಕೂ ದಿಕ್ಕಿಗೆ ಮೂಡಿದಂತೆಯೇ ಇರುತ್ತಾನೆ.

ಮೊದಲು ಡಾಕ್ಟರು. ಅರವತ್ತು ಸ್ಲೈಡು. ಲಸಿಕೆ ಇಲ್ಲದವರ ನಡುವೆ ದಡಾರ ಒಬ್ಬರಿಂದ 12ರಿಂದ 18 ಜನಕ್ಕೆ ಹಬ್ಬುತ್ತದೆ ಎಂಬ ಮಾತು 41ನೆಯ ಸ್ಲೈಡಿನ ಅಡಿಟಿಪ್ಪಣಿಯಲ್ಲಿ ಅಡಗಿ ಕೂತಿತ್ತು. ಹಿಂದಿನ ಸಾಲು ಸುಸ್ಲಾ–ಮಿರ್ಚಿ ಬಂತೇನೋ ಎಂದು ಬಾಗಿಲ ಕಡೆ ನೋಡುತ್ತಿತ್ತು. ತಾಯಿಯೊಬ್ಬಳು ಎದ್ದು, “ನನ್ನ ಮಗಗ ಏನೂ ಆಗಂಗಿಲ್ಲಲ್ರೀ ಸರ್?” ಎಂದಳು.

“ಶೇಕಡಾ ನೂರರಷ್ಟು ಅಂತ ವೈಜ್ಞಾನಿಕವಾಗಿ ಹೇಳಲಿಕ್ಕೆ ಬರೂದಿಲ್ಲಮ್ಮ.”

ಸತ್ಯವೇ. ಸೂಜಿಯಿಂದ ಬಂದ ಜ್ವರ ಸಾಮಾನ್ಯವಾಗಿ ಒಂದೆರಡು ದಿನದ್ದು, ದಡಾರವಾದರೆ ನ್ಯುಮೋನಿಯಾಕ್ಕೂ ತಿರುಗೀತು ಎಂಬ ಉಳಿದರ್ಧ ಸತ್ಯ ಬಾಯಿಗೆ ಬರುವಷ್ಟರಲ್ಲಿ ಗಂಟೆ ಹೊಡೆಯಿತು.

ಆಮೇಲೆ ವಾಗ್ಮಿಗಳು. ಶಾಲು ಸರಿಮಾಡಿ, ಮೈಕಿಗೆ ಎರಡು ಸಲ ಊದಿ, “ತಾಯಂದಿರೇ! ಬಂಗಾರದಂಥ ಕೂಸಿಗೆ ಸೂಜಿ ಚುಚ್ಚಲಿಕ್ಕೆ ಕೈಯರೆ ಹ್ಯಾಂಗ ಬರ್ತದ?” ಎಂದು ಸುಮ್ಮನೆ ನಿಂತರು. ಸುಮ್ಮನೆ ನಿಂತದ್ದಕ್ಕೇ ಚಪ್ಪಾಳೆ. ಬಳಿಕ ‘ಫಾರಿನ್ ಸಂಶೋಧನೆ’ ಹೊರಬಂತು: ಲಸಿಕೆಯಿಂದ ಆಟಿಸಂ! ಆಂಡ್ರ್ಯೂ ವೇಕ್‌ಫೀಲ್ಡ್ ಎಂಬ ವೈದ್ಯ 1998ರಲ್ಲಿ ‘ಲ್ಯಾನ್ಸೆಟ್’ ಎಂಬ ವೈದ್ಯಕೀಯ ಪತ್ರಿಕೆಯಲ್ಲಿ ಹಚ್ಚಿದ ಕಿಡಿ ಅದು. ನೋಡಿದ್ದು 12 ಮಕ್ಕಳನ್ನು. 2010ರಲ್ಲಿ ಪತ್ರಿಕೆ ಆ ಲೇಖನವನ್ನೇ ಹಿಂತೆಗೆದುಕೊಂಡಿತು, ಬ್ರಿಟನ್ನಿನಲ್ಲಿ ಆತನ ವೈದ್ಯ ನೋಂದಣಿಯೂ ರದ್ದಾಯಿತು. ಇದೂ ಡಾಕ್ಟರ ಬಳಿ ಇತ್ತು. 57ನೆಯ ಸ್ಲೈಡು.

“2011ರ ಜನವರಿ ಆದ ಮ್ಯಾಲೆ ದೇಶದಾಗ ಒಂದೂ ವೈಲ್ಡ್ ಪೋಲಿಯೊ ಕೇಸ್ ಇಲ್ಲ. ಅದನ್ನೇ ಕಥಿ ಮಾಡಿ ಹೇಳಬಾರದಿತ್ತೇನ್ರೀ?” ಎಂದೆ, ಡಾಕ್ಟರು ವೇದಿಕೆ ಇಳಿದ ಮೇಲೆ.

“ಛೆ, ಅದು ಭಾಷಣ ಆಗ್ತದ. ನಾವು ವಿಜ್ಞಾನದವರು!”

ಜನಕ್ಕೆ ತಿಳಿಯುವಂತೆ ಹೇಳಿದರೆ ಅಂಕಿಅಂಶಕ್ಕೆ ಮೈಲಿಗೆ.

ಹಾರ ಹಾಕಿಸಿಕೊಂಡು ಹೊರಟ ವಾಗ್ಮಿಗಳ ಕಾಲಿಗೆ ಗೇಟಿನ ಹತ್ತಿರ ಬೀದಿನಾಯಿ ಬಾಯಿ ಹಾಕಿತು. ಅದು ಪರವೋ ವಿರೋಧವೋ, ಸಂಘಟಕರು ಕೇಳಲಿಲ್ಲ. ವಾಗ್ಮಿಗಳು ಅಲಂಕಾರಗಳನ್ನೆಲ್ಲ ಅಲ್ಲೇ ಬಿಟ್ಟು ಓಡಿ ಬಂದು ಡಾಕ್ಟರ ತೋಳು ಹಿಡಿದರು: “ಸರ್, ರೇಬೀಸ್ ಇಂಜೆಕ್ಷನ್ ಈಗೇ ಸಿಗ್ತದೇನ್ರೀ?”

ಡಾಕ್ಟರು ಖುಷಿಯಿಂದ ಲ್ಯಾಪ್‌ಟಾಪ್ ಬಿಚ್ಚಿದರು. “ಕುಂದರ್ರಿ. ಮೊದಲನೇ ಸ್ಲೈಡು: ಲೂಯಿ ಪ್ಯಾಶ್ಚರ್, 1885...”