ಕತ್ತಿಯ ಸದ್ದಿಗೆ ಒಂದು ಕೋಳಿ

ಕತ್ತಿ ಮನುಷ್ಯನ ಮೈಗೆ ಇಳಿದಾಗ ಎಂಥ ಸದ್ದು ಬರುತ್ತದೆ? 1961ರಲ್ಲಿ ಜಪಾನಿನ ನಿರ್ದೇಶಕ ಅಕಿರ ಕುರೊಸಾವಾ ‘ಯೊಜಿಂಬೊ’ ಎಂಬ ಸಮುರಾಯ್ ಚಿತ್ರ ತೆಗೆಯುವಾಗ ಈ ಪ್ರಶ್ನೆ ತೊಹೊ ಸ್ಟುಡಿಯೊದಲ್ಲಿ ಚಿತ್ರಗಳಿಗೆ ಸದ್ದು ಹುಟ್ಟಿಸುತ್ತಿದ್ದ ಇಚಿರೊ ಮಿನಾವಾ ಅವರ ಪಾಲಿಗೆ ಬಂತು. ಅವರು ಹಂದಿಮಾಂಸ ಕಡಿದು ನೋಡಿದರಂತೆ, ದನದ ಮಾಂಸ ಕಡಿದು ನೋಡಿದರಂತೆ, ಎರಡೂ ಒಪ್ಪಿಗೆಯಾಗಲಿಲ್ಲ. ಕೊನೆಗೆ ಇಡೀ ಕೋಳಿಯೊಳಗೆ ಚಾಪ್‌ಸ್ಟಿಕ್‌ಗಳನ್ನು ತುರುಕಿ ಕಡಿದಾಗ, ಮಾಂಸ ಸೀಳಿ ಮೂಳೆ ಮುರಿಯುವ ಸದ್ದು ಸಿಕ್ಕಿತು.

ಇದೇ ಮಿನಾವಾ 1954ರ ಒಂದೇ ವರ್ಷದಲ್ಲಿ ‘ಸೆವೆನ್ ಸಮುರಾಯ್’ಗೂ ‘ಗಾಡ್ಜಿಲಾ’ಗೂ ಶಬ್ದ ಪರಿಣಾಮ ಒದಗಿಸಿದವರು. ಗಾಡ್ಜಿಲಾದ ಆರ್ಭಟ ಯಾವ ಪ್ರಾಣಿಯದೂ ಅಲ್ಲ. ಆಳೆತ್ತರದ ಡಬಲ್ ಬಾಸ್‌ನ ತಂತಿಗಳನ್ನು ಸಡಿಲಿಸಿ, ರಾಳ ಹಚ್ಚಿದ ಚರ್ಮದ ಕೈಗವಸಿನಿಂದ ಉಜ್ಜಿ, ಧ್ವನಿಮುದ್ರಿಕೆಯನ್ನು ನಿಧಾನಗೊಳಿಸಿ ಪಡೆದದ್ದು. ಅದರ ಕೀರ್ತಿ ಬಹುಪಾಲು ಹೋದದ್ದು ಸಂಗೀತ ನಿರ್ದೇಶಕ ಅಕಿರ ಇಫುಕುಬೆ ಅವರಿಗೆ. ಸಂಗೀತದವರ ಹೆಸರು ಮುಂದೆ, ಸದ್ದಿನವರದು ಹಿಂದೆ: ಈ ವಿಷಯದಲ್ಲಿ ಜಪಾನ್ ನಮಗಿಂತ ಬೇರೆಯೇನಲ್ಲ.

ಬೇರೆಯಾಗಿರುವುದು ನೋಡುಗರ ನಡತೆ. ನಾನಿರುವ ಟೋಕಿಯೊದಲ್ಲಿ ಸಿನಿಮಾ ಮುಗಿದರೂ ಹೆಚ್ಚಿನವರು ಕೊನೆಯ ಹೆಸರು ಪರದೆ ದಾಟುವ ತನಕ ಕತ್ತಲಲ್ಲಿ ಕೂತೇ ಇರುತ್ತಾರೆ. ಕನ್ನಡದವರೇ ಸೇರಿ ಹಾಲ್ ಬಾಡಿಗೆಗೆ ಹಿಡಿದು ಚಿತ್ರ ಹಾಕಿಸಿದರೆ, ನಾಯಕ ನಾಯಕಿಯ ಕೈ ಹಿಡಿಯುವಷ್ಟರಲ್ಲಿ ಅರ್ಧ ಜನ ಎದ್ದು ಮಕ್ಕಳಿಗೆ ಜಾಕೆಟ್ ತೊಡಿಸುತ್ತಿರುತ್ತಾರೆ. ಶಬ್ದ ವಿನ್ಯಾಸಕನ ಹೆಸರು ಖಾಲಿ ಕುರ್ಚಿಗಳ ಮುಂದೆ ಹಾದುಹೋಗುತ್ತದೆ.

ನಮ್ಮ ಅಸಡ್ಡೆಗೆ ಚರಿತ್ರೆಯೂ ಇದೆ. ದಶಕಗಳ ಕಾಲ ನಮ್ಮಲ್ಲಿ ಗರಗರ ಸದ್ದಿನ ಕ್ಯಾಮೆರಾದಲ್ಲಿ ಚಿತ್ರೀಕರಿಸಿ, ಮಾತನ್ನು ಆಮೇಲೆ ಡಬ್ ಮಾಡುತ್ತಿದ್ದರು. ಚಿತ್ರಕ್ಕೆ ತನ್ನದೇ ಆದ ಸದ್ದೇ ಇರುತ್ತಿರಲಿಲ್ಲ. ಎಲ್ಲವನ್ನೂ ಹೊಸದಾಗಿ ಹುಟ್ಟಿಸಬೇಕಾದ ಅಂಥ ಕಡೆಯೇ ಒಬ್ಬ ಮಿನಾವಾ ಬೇಕಿತ್ತು. ನಾವು ರೀರೆಕಾರ್ಡಿಂಗ್, ಅಂದರೆ ಹಿನ್ನೆಲೆ ಸಂಗೀತ, ಸುರಿದು ಗುಂಡಿ ಮುಚ್ಚಿದೆವು. ಮಲೆನಾಡಿನ ಮಳೆಯ ಮೇಲೆ ವಯೊಲಿನ್, ಅತ್ತೆಯ ಒಂದು ನೋಟಕ್ಕೆ ಮೂರು ಸಿಡಿಲು.

ಸಂಗೀತವೇ ಬೇಡವೆನ್ನುತ್ತಿಲ್ಲ. ಕುರೊಸಾವಾ 1985ರ ‘ರಾನ್’ನಲ್ಲಿ ಕೋಟೆಗೆ ಮುತ್ತಿಗೆ ಬಿದ್ದಾಗ ಕಿರುಚಾಟ, ಕುದುರೆ, ಕತ್ತಿ ಎಲ್ಲವನ್ನೂ ಬಾಯಿ ಮುಚ್ಚಿಸಿ, ತೊರು ತಕೆಮಿತ್ಸು ಅವರ ವಾದ್ಯವೃಂದವನ್ನಷ್ಟೇ ಕೇಳಿಸುತ್ತಾರೆ. ಮುದಿ ದೊರೆಯ ಹಿರಿಯ ಮಗನಿಗೆ ಗುಂಡು ತಗುಲಿದ ಕ್ಷಣ ಯುದ್ಧದ ಗದ್ದಲವೆಲ್ಲ ಒಮ್ಮೆಲೇ ನುಗ್ಗುತ್ತದೆ. ಸದ್ದನ್ನು ಎಲ್ಲಿ ತಡೆಯಬೇಕು, ಎಲ್ಲಿ ಬಿಡಬೇಕು ಎಂದು ಯೋಚಿಸಿದವರ ಕೆಲಸ ಅದು. ನಮ್ಮಲ್ಲಿ ಆ ಯೋಚನೆಗೆ ವೇಳೆಯೇ ಸಿಗುವುದಿಲ್ಲ. ಬಿಡುಗಡೆಯ ದಿನ ಗೊತ್ತಾದ ಮೇಲೆ ಮಾತು, ಸಂಗೀತ, ಸದ್ದುಗಳನ್ನು ಹದವಾಗಿ ಬೆರೆಸುವ ಮಿಕ್ಸಿಂಗ್‌ಗೆ ಉಳಿಯುವುದು ನಿದ್ದೆಗೆಟ್ಟ ಕೆಲವು ರಾತ್ರಿಗಳು.

ಕನ್ನಡಕ್ಕೆ ಕಿವಿಯಿಲ್ಲವೆಂದಲ್ಲ. ‘ತಿಥಿ’ಯಲ್ಲಿ ಮಂಡ್ಯದ ಹಳ್ಳಿಯನ್ನು ನಾನು ನೋಡಿದ್ದಕ್ಕಿಂತ ಕೇಳಿದ್ದೇ ಹೆಚ್ಚು. ಆದರೆ ಚಿತ್ರೀಕರಣ ಮುಗಿದ ಜಾಗದಲ್ಲಿ ಜನರೇಟರ್ ನಿಲ್ಲಿಸಿ, ಊರಿನ ಸದ್ದು ಹಿಡಿಯಲು ಶಬ್ದದವರಿಗೆ ಅರ್ಧ ಗಂಟೆ ಬಿಟ್ಟುಕೊಡಿ ಎಂದರೆ ನಿರ್ಮಾಪಕರು ದುಬಾರಿ ಎನ್ನುತ್ತಾರೆ. ಅದೇ ನಿರ್ಮಾಪಕರು ಡ್ರೋನ್ ಹಾರಿಸುವುದಕ್ಕೆ ಇಡೀ ಬೆಳಗು ಮೋಡ ನೋಡುತ್ತಾ ಕಾಯುತ್ತಾರೆ.