ಅಡ್ವಾದಲ್ಲಿ ಗೆದ್ದ ದೇಶಕ್ಕೆ ಕಡಲು ಏಕಿಲ್ಲ?

ಪ್ರತಿ ವರ್ಷ ಮಾರ್ಚ್ ಮೊದಲ ವಾರದಲ್ಲಿ ಅಡ್ವಾ ವಿಜಯವನ್ನು ನೆನೆಯುವ ಬರಹಗಳು ಇಲ್ಲಿ ಒಂದೆರಡಾದರೂ ಕಾಣಿಸುತ್ತವೆ. 1896ರ ಮಾರ್ಚ್ 1ರಂದು ಚಕ್ರವರ್ತಿ ಎರಡನೆಯ ಮೆನೆಲಿಕ್ ಇಟಲಿಯ ಸೇನೆಯನ್ನು ಸೋಲಿಸಿದ್ದು, ಇಥಿಯೋಪಿಯಾ ಯುರೋಪಿಯನ್ನರ ವಸಾಹತಾಗದೆ ಉಳಿದದ್ದು, ಇದೆಲ್ಲ ನಿಜ, ಸಂಭ್ರಮಿಸಬೇಕಾದದ್ದೂ ಹೌದು. ಆದರೆ ಆ ಬರಹಗಳನ್ನು ಓದುವಾಗಲೆಲ್ಲ ನನ್ನನ್ನು ಕಾಡುವುದು ಬೇರೊಂದು ಪ್ರಶ್ನೆ. ಗೆದ್ದ ದೇಶಕ್ಕೆ ಇಂದು ಒಂದು ಗೇಣಿನಷ್ಟೂ ಕರಾವಳಿ ಇಲ್ಲ. ಸೋತ ಇಟಲಿಯಾದರೋ ಆ ಸೋಲಿನ ನಂತರವೂ ನಲವತ್ತೈದು ವರ್ಷ ಅದೇ ಕೆಂಪು ಸಮುದ್ರದ ದಡದಲ್ಲಿ ಕುಳಿತಿತ್ತು. ಇದು ಹೇಗಾಯಿತೆಂದು ತಿಳಿಯಲು ದೇಶಗಳಿಗೆ ಬಣ್ಣ ಬಳಿದ ರಾಜಕೀಯ ನಕ್ಷೆ ಸಾಲದು, ಎತ್ತರ ತಗ್ಗುಗಳನ್ನು ತೋರಿಸುವ ಪ್ರಾಕೃತಿಕ ನಕ್ಷೆಯನ್ನು ಅದರ ಪಕ್ಕದಲ್ಲಿಟ್ಟು ನೋಡಬೇಕು. ಬಹಳ ವರ್ಷ ಶಾಲೆಯಲ್ಲಿ ಭೂಗೋಳ ಕಲಿಸಿದ ನನಗೆ ಇದು ತಡವಾಗಿ ಹೊಳೆದ ವಿಷಯ.

ಕೆಂಪು ಸಮುದ್ರದ ಮಸ್ಸಾವಾ ಬಂದರಿನಿಂದ ಒಳನಾಡಿಗೆ ಹೊರಟರೆ ಸುಮಾರು ನೂರು ಕಿಲೋಮೀಟರಿನ ರಸ್ತೆಯಲ್ಲೇ 2,300 ಮೀಟರ್ ಎತ್ತರದ ಅಸ್ಮಾರಾ ತಲುಪುತ್ತೇವೆ. ಅಲ್ಲಿಂದ ದಕ್ಷಿಣಕ್ಕೆ ಹಬ್ಬಿರುವ ಪ್ರಸ್ಥಭೂಮಿಯನ್ನು ನದಿಗಳು ಆಳವಾಗಿ ಕೊರೆದಿವೆ. ತಲೆ ಚಪ್ಪಟೆಯಾದ, ಸುತ್ತಲೂ ಕಡಿದಾದ ಬೆಟ್ಟಗಳನ್ನು ಅಲ್ಲಿಯವರು ಅಂಬಾ ಎನ್ನುತ್ತಾರೆ. ಅವು ಕೋಟೆಯಾಗಿ, ಮಠವಾಗಿ, ರಾಜಕುಮಾರರ ಸೆರೆಮನೆಯಾಗಿ ಬಳಕೆಯಾಗಿವೆ. ಜನ ತಮ್ಮ ನೆಲವನ್ನು ಅಳೆಯುವುದೂ ಎತ್ತರದ ಲೆಕ್ಕದಲ್ಲಿಯೇ: ಬಿಸಿಲಿನ ತಗ್ಗು ಕೊಲ್ಲಾ, ನಡುವಣ ಹಿತವಾದ ಎತ್ತರ ವೊಯ್ನಾ ದೆಗಾ, ಅದಕ್ಕೂ ಮೇಲಿನ ಚಳಿಯ ನಾಡು ದೆಗಾ. ಪೂರ್ವದ ಅಂಚಿನಲ್ಲಿ ಈ ಪ್ರಸ್ಥಭೂಮಿ ಒಮ್ಮೆಲೇ ಕುಸಿದು, ಸಮುದ್ರ ಮಟ್ಟಕ್ಕಿಂತ ನೂರು ಮೀಟರಿಗೂ ಹೆಚ್ಚು ಕೆಳಗಿರುವ ದನಕಿಲ್ ತಗ್ಗಿಗೆ ಇಳಿಯುತ್ತದೆ. ಮೇಲೆ ಮಳೆ, ಉಳುಮೆ, ಹಳ್ಳಿಗಳು. ಕೆಳಗೆ ಉಪ್ಪು, ಬೆಂಕಿಯಂಥ ಬಿಸಿಲು, ಒಂಟೆ ಮೇಯಿಸುವ ಅಫಾರ್ ಜನ. ಇಥಿಯೋಪಿಯಾದ ಚರಿತ್ರೆಯ ಬಹುಪಾಲು ಈ ಎರಡು ಲೋಕಗಳ ನಡುವಿನ ಜಗಳ ಮತ್ತು ವ್ಯಾಪಾರದ ಕತೆಯೆಂದು ನನಗೆ ಅನ್ನಿಸುತ್ತದೆ.

ಆ ನಾಡಿಗೆ ಕಡಲು ಮೊದಲಿನಿಂದಲೂ ಇರಲಿಲ್ಲವೆಂದಲ್ಲ. ಕ್ರಿಸ್ತಶಕದ ಮೊದಲ ಶತಮಾನಗಳಲ್ಲಿ ಬೆಳೆದ ಅಕ್ಸುಂ ರಾಜ್ಯ ಚಿನ್ನದ ನಾಣ್ಯ ಟಂಕಿಸುತ್ತಿತ್ತು, ಅಡೂಲಿಸ್ ಬಂದರಿನ ಮೂಲಕ ರೋಮ್, ಅರೇಬಿಯಾ ಮತ್ತು ನಮ್ಮ ಪಶ್ಚಿಮ ಕರಾವಳಿಯೊಡನೆ ವ್ಯಾಪಾರ ಮಾಡುತ್ತಿತ್ತು. ಹಗ್ಗ ಹಿಡಿದು ಹತ್ತಬೇಕಾದ ದೆಬ್ರೆ ದಾಮೊ ಬೆಟ್ಟದ ಮಠದಲ್ಲಿ ನೂರಕ್ಕೂ ಹೆಚ್ಚು ಕುಷಾಣರ ಚಿನ್ನದ ನಾಣ್ಯಗಳು ಸಿಕ್ಕಿವೆ. ನಾಲ್ಕನೆಯ ಶತಮಾನದಲ್ಲಿ ಎಜಾನಾ ರಾಜ ಕ್ರೈಸ್ತ ಧರ್ಮವನ್ನು ಸ್ವೀಕರಿಸಿದ, ಗೀಜ್ ಲಿಪಿಯ ವ್ಯಂಜನಗಳಿಗೆ ಸ್ವರಚಿಹ್ನೆಗಳು ಸೇರಿಕೊಂಡದ್ದೂ ಅದೇ ಕಾಲದ ಸುಮಾರಿಗೆ. ಪ್ರತಿ ವ್ಯಂಜನಕ್ಕೆ ಏಳು ರೂಪಗಳಿರುವ ಆ ಅಕ್ಷರಮಾಲೆಯನ್ನು ನೋಡಿದರೆ ಕಾಗುಣಿತ ತಿದ್ದಿ ಬೆಳೆದ ಯಾವ ಕನ್ನಡಿಗನಿಗೂ ಅದು ಪರಕೀಯವೆನ್ನಿಸುವುದಿಲ್ಲ. ಏಳನೆಯ ಶತಮಾನದ ನಂತರ ಕೆಂಪು ಸಮುದ್ರದ ವ್ಯಾಪಾರ ಬೇರೆಯವರ ಕೈಗೆ ಹೋಯಿತು, ರಾಜ್ಯದ ಕೇಂದ್ರ ಮೆಲ್ಲಮೆಲ್ಲನೆ ದಕ್ಷಿಣದ ಬೆಟ್ಟಗಳ ಒಳಕ್ಕೆ ಸರಿಯಿತು. ಬಂಡೆಯನ್ನು ಮೇಲಿನಿಂದ ಕೆಳಕ್ಕೆ ಕಡಿದು ಮಾಡಿದ ಲಾಲಿಬೆಲಾದ ಹನ್ನೊಂದು ಇಗರ್ಜಿಗಳಾಗಲಿ, 17ನೆಯ ಶತಮಾನದ ಗೊಂಡರ್ ಅರಮನೆಗಳಾಗಲಿ ಕಡಲಿಗೆ ಬೆನ್ನು ಹಾಕಿದ ನಾಡಿನ ಸಾಧನೆಗಳು. ಅಷ್ಟರಲ್ಲಿ, 1557ರಲ್ಲೇ, ಮಸ್ಸಾವಾ ಆಟೊಮನ್ ತುರ್ಕರ ವಶವಾಗಿತ್ತು.

ಈ ಬೆನ್ನು ಹಾಕುವಿಕೆಯನ್ನು ಹಿಂದುಳಿಯುವಿಕೆಯೆಂದು ಬರೆದವರಿದ್ದಾರೆ, ನಾನು ಒಪ್ಪುವುದಿಲ್ಲ. ಬೇರೆಲ್ಲೂ ಮುಖ್ಯ ಆಹಾರವಾಗದ ಟೆಫ್ ಧಾನ್ಯವನ್ನು ಅನ್ನವಾಗಿಸಿಕೊಂಡವರು, ಕಾಫಿಯನ್ನು ಲೋಕಕ್ಕೆ ಕೊಟ್ಟವರು ಇದೇ ಎತ್ತರದ ಜನ. ನಮ್ಮ ಮುದ್ದೆಯ ರಾಗಿಯ ಮೂಲವೂ ಇಥಿಯೋಪಿಯಾದಿಂದ ಉಗಾಂಡಾದವರೆಗಿನ ಪೂರ್ವ ಆಫ್ರಿಕಾದ ಎತ್ತರದ ನಾಡೇ. ಅಲ್ಲಿ ಅದನ್ನು ದಗುಸಾ ಎನ್ನುತ್ತಾರೆ. ಬಾಬಾಬುಡನ್ ಗಿರಿಗೆ ಯೆಮನ್ನಿನಿಂದ ಬಂತೆನ್ನುವ ಕಾಫಿ ಬೀಜವೂ ಯೆಮನ್ನಿಗೆ ಹೋದದ್ದು ಅಲ್ಲಿಂದಲೇ. ಬೆಳಗಿನ ಕಾಫಿ, ಮಧ್ಯಾಹ್ನದ ಮುದ್ದೆ, ಎರಡರಲ್ಲೂ ಆ ಬೆಟ್ಟಗಳ ಋಣವಿದೆ.

ಇನ್ನು ಅಡ್ವಾ. ಮೆನೆಲಿಕ್ ಇಟಲಿಯೊಡನೆ ಮಾಡಿಕೊಂಡ 1889ರ ವುಚಾಲೆ ಒಪ್ಪಂದದ 17ನೆಯ ವಿಧಿಯಲ್ಲಿ ಅಮ್ಹಾರಿಕ್ ಪಾಠ ಒಂದು ಹೇಳುತ್ತಿತ್ತು, ಇಟಾಲಿಯನ್ ಪಾಠ ಇನ್ನೊಂದು. ವಿದೇಶ ವ್ಯವಹಾರಕ್ಕೆ ಚಕ್ರವರ್ತಿ ಬೇಕಾದರೆ ಇಟಲಿಯ ನೆರವು ಪಡೆಯಬಹುದು ಎಂದು ಮೊದಲನೆಯದು, ಇಟಲಿಯ ಮೂಲಕವೇ ನಡೆಸತಕ್ಕದ್ದು ಎಂದು ಎರಡನೆಯದು. ಮೆನೆಲಿಕ್ ಒಪ್ಪಂದವನ್ನು ತಿರಸ್ಕರಿಸಿದ, ಯುದ್ಧ ಬಂತು. 1896ರ ಜನವರಿಯಲ್ಲಿ ಮೆಕೆಲೆಯ ಕೋಟೆಯಲ್ಲಿದ್ದ ಇಟಾಲಿಯನ್ನರಿಗೆ ನೀರಿನ ದಾರಿಯನ್ನೇ ಕಡಿದು ಮಣಿಸುವ ಉಪಾಯ ರಾಣಿ ತಾಯ್ತುವಿನದು. ಅಡ್ವಾದ ಕೊನೆಯ ಕದನದಲ್ಲಿ ಇಟಲಿಯ ಜನರಲ್ ಬರಾತಿಯೇರಿಯ ಸೇನೆ ರಾತ್ರಿಯಿಡೀ ನಡೆದು ಬೆಟ್ಟಗಳ ಸಾಲನ್ನು ಹಿಡಿಯಬೇಕಿತ್ತು. ಅವನ ಬಳಿಯಿದ್ದ ಕೈನಕ್ಷೆಯಲ್ಲಿ ಕಿದಾನೆ ಮೆರೆತ್ ಎಂಬ ಬೆಟ್ಟದ ಹೆಸರನ್ನು ತಪ್ಪು ಜಾಗದಲ್ಲಿ ಬರೆದಿತ್ತು. ದಾರಿ ತೋರಿಸುವವರು ಅವನ ಕೈಕೆಳಗಿನ ಅಲ್ಬೆರ್ತೋನೆಯ ದಳವನ್ನು ನಿಜವಾದ ಕಿದಾನೆ ಮೆರೆತ್‌ಗೆ ಕರೆದೊಯ್ದರು, ಉಳಿದ ದಳಗಳಿಂದ ಮೈಲಿಗಟ್ಟಲೆ ಮುಂದಕ್ಕೆ. ಬೆಳಗಾದಾಗ ಅದು ಒಂಟಿಯಾಗಿ ಸಿಕ್ಕಿಬಿತ್ತು, ಮಧ್ಯಾಹ್ನದ ಹೊತ್ತಿಗೆ ಎಲ್ಲವೂ ಮುಗಿದಿತ್ತು. ಪರರ ನೆಲವನ್ನು ಸರಿಯಾಗಿ ಅಳೆಯದೆಯೇ ತನ್ನದೆಂದುಕೊಂಡ ಸಾಮ್ರಾಜ್ಯಕ್ಕೆ ಆ ನೆಲವೇ ಉತ್ತರ ಕೊಟ್ಟಿತು.

ಹೀಗೆ ಗೆದ್ದ ಮೆನೆಲಿಕ್ ಮರೆಬ್ ನದಿಯನ್ನು ದಾಟಿ ಅಸ್ಮಾರಾ, ಮಸ್ಸಾವಾಗಳತ್ತ ಹೋಗಲಿಲ್ಲ. ಇದಕ್ಕಾಗಿ ಅವನನ್ನು ದೂರುವವರು ಇಂದಿಗೂ ಇದ್ದಾರೆ. ಆದರೆ ಆ ದಂಡಿನ ಸ್ಥಿತಿಯನ್ನು ನೆನೆಯಬೇಕು. 1880ರ ದಶಕದ ಕೊನೆಯಲ್ಲಿ ರಿಂಡರ್‌ಪೆಸ್ಟ್ ಎಂಬ ದನಗಳ ಮಾರಿ ಮಸ್ಸಾವಾದ ಮೂಲಕ ಒಳನುಗ್ಗಿತು. ಇಟಲಿಯ ಸೇನೆಗೆಂದು ಭಾರತದಿಂದ ತರಿಸಿದ ದನಗಳ ಜೊತೆಗೆ ಅದು ಬಂತೆಂದು ಅನೇಕ ಇತಿಹಾಸಕಾರರು ಬರೆದಿದ್ದಾರೆ. ಎತ್ತುಗಳು ಸತ್ತು ಉಳುಮೆ ನಿಂತಿತು, 1888ರಿಂದ 1892ರವರೆಗೆ ಭೀಕರ ಕ್ಷಾಮ. ನೇಗಿಲು ಹೂಡಿ ಬದುಕುವ ನಾಡಿಗೆ ಎತ್ತು ಸತ್ತರೆ ಏನಾಗುತ್ತದೆಂಬುದನ್ನು ನಮ್ಮ ರೈತರಿಗೆ ಬಿಡಿಸಿ ಹೇಳಬೇಕಾಗಿಲ್ಲ. ನಾಲ್ಕು ವರ್ಷಗಳ ಮೇಲೆ, ಅಡ್ವಾ ಇರುವ, ಹಸಿದ ತಿಗ್ರಾಯ್ ನೆಲದ ಮೇಲೆ ಸುಮಾರು ಒಂದು ಲಕ್ಷ ಜನರ ದಂಡು ಮಳೆಗಾಲದವರೆಗೆ ನಿಲ್ಲುವಂತಿರಲಿಲ್ಲ. ಮೆನೆಲಿಕ್ ಸ್ವಾತಂತ್ರ್ಯದ ಮಾನ್ಯತೆಯನ್ನು ಪಡೆದು, ಅಸ್ಮಾರಾ, ಮಸ್ಸಾವಾಗಳಿರುವ ಕಡಲಂಚಿನ ನಾಡು ಎರಿಟ್ರಿಯಾವನ್ನು ಇಟಲಿಗೆ ಬಿಟ್ಟ. 1900, 1902 ಮತ್ತು 1908ರ ಒಪ್ಪಂದಗಳು ಗಡಿಯನ್ನು ಬರೆದವು. ಕೊನೆಯದರ ಪ್ರಕಾರ ದನಕಿಲ್ ಭಾಗದಲ್ಲಿ ಗಡಿಯು ಕಡಲ ದಡದಿಂದ 60 ಕಿಲೋಮೀಟರ್ ಒಳಗೆ, ದಡಕ್ಕೆ ಸಮಾನಾಂತರವಾಗಿ ಸಾಗಬೇಕು. ಕರಾವಳಿಯ ಆ ಉದ್ದನೆಯ ಪಟ್ಟಿ ನಕ್ಷೆಯಲ್ಲಿ ಹಾಗೆ ಕಾಣಲು ಇದೇ ಕಾರಣ. ಮೇಲ್ನಾಡಿನಲ್ಲಿಯೂ ಮರೆಬ್ ನದಿ ಗಡಿಯಾದ್ದರಿಂದ ತಿಗ್ರಿನ್ಯಾ ಮಾತನಾಡುವ ಒಂದೇ ಜನ ಇಬ್ಭಾಗವಾದರು.

ಇಲ್ಲಿ ಇನ್ನೊಂದು ಮಾತನ್ನು ಮರೆಸಿ ಹೋಗುವುದು ನನ್ನಿಂದಾಗದು. ಇಟಲಿಗೆ ತಲೆಬಾಗದ ಅದೇ ಮೆನೆಲಿಕ್ ಅದೇ ವರ್ಷಗಳಲ್ಲಿ ದಕ್ಷಿಣಕ್ಕೆ ದಂಡೆತ್ತಿ ಹೋಗಿ ಒರೊಮೊ, ವೊಲಾಯ್ತಾ ನಾಡುಗಳನ್ನು, 1887ರಲ್ಲಿ ಹರಾರ್ ನಗರವನ್ನು, 1897ರಲ್ಲಿ ಕಾಫಾ ರಾಜ್ಯವನ್ನು ಗೆದ್ದುಕೊಂಡ. ಅಲ್ಲಿಯ ರೈತರು ಉತ್ತರದಿಂದ ಬಂದ ಸೈನಿಕರಿಗೆ ದುಡಿದು ಕೊಡಬೇಕಾಯಿತು, ಆಡಳಿತ ಮತ್ತು ಶಾಲೆಯ ಭಾಷೆ ಅಮ್ಹಾರಿಕ್ ಆಯಿತು. ಕೋಟ್ಯಂತರ ಜನರ ಮಾತಾದ ಒರೊಮೊ ಭಾಷೆ ಶಾಲೆಯ ಪಾಠದ ಭಾಷೆಯಾದದ್ದು 1991ರ ನಂತರ. ಅಡ್ವಾದ ದಿನವನ್ನು ಒಬ್ಬ ಒರೊಮೊ ಯುವಕ ಮಿಶ್ರ ಭಾವದಿಂದ ನೋಡಿದರೆ ಅವನನ್ನು ದೇಶದ್ರೋಹಿ ಎನ್ನಲಾಗದು. ಅವನ ಮುತ್ತಜ್ಜನೂ ಅಡ್ವಾದಲ್ಲಿ ಕಾದಾಡಿರಬಹುದು, ಅವನ ಮುತ್ತಜ್ಜಿಯ ಹೊಲ ಅದೇ ರಾಜನ ಸೈನಿಕನ ಪಾಲಾಗಿರಬಹುದು.

1935ರಲ್ಲಿ ಇಟಲಿ ವಿಷಾನಿಲದೊಂದಿಗೆ ಮರಳಿ ಬಂತು, ಐದು ವರ್ಷ ದೇಶವನ್ನು ಹಿಡಿದಿಟ್ಟಿತು. 1941ರಲ್ಲಿ ಅದನ್ನು ಹೊರಗಟ್ಟಿದ ಕೆರೆನ್ ಕದನದಲ್ಲಿ ಭಾರತೀಯ ಸೈನಿಕರೂ ದೊಡ್ಡ ಸಂಖ್ಯೆಯಲ್ಲಿ ಹೋರಾಡಿದ್ದರು. 1952ರಲ್ಲಿ ಎರಿಟ್ರಿಯಾ ಒಕ್ಕೂಟವಾಗಿ ಇಥಿಯೋಪಿಯಾದೊಂದಿಗೆ ಸೇರಿದಾಗ ಕಡಲು ಮರಳಿ ಸಿಕ್ಕಿತ್ತು. ಹತ್ತೇ ವರ್ಷಗಳಲ್ಲಿ, 1962ರಲ್ಲಿ, ಚಕ್ರವರ್ತಿ ಹೈಲೆ ಸೆಲಾಸಿ ಆ ಒಕ್ಕೂಟವನ್ನು ರದ್ದು ಮಾಡಿ ಎರಿಟ್ರಿಯಾವನ್ನು ಒಂದು ಪ್ರಾಂತವಾಗಿ ನುಂಗಿಕೊಂಡರು. ನನ್ನ ದೃಷ್ಟಿಯಲ್ಲಿ ಇಥಿಯೋಪಿಯಾ ಕಡಲನ್ನು ಕಳೆದುಕೊಂಡದ್ದು 1896ರಲ್ಲಲ್ಲ, ಆ ವರ್ಷ. ಮೂವತ್ತು ವರ್ಷಗಳ ಯುದ್ಧದ ನಂತರ, 1993ರ ಜನಮತಗಣನೆಯಲ್ಲಿ ಎರಿಟ್ರಿಯಾದ ಜನ ಹೆಚ್ಚುಕಡಿಮೆ ಒಮ್ಮತದಿಂದ ಬೇರೆಯಾದರು. 1998ರಲ್ಲಿ ಬಾದ್ಮೆ ಎಂಬ ಸಣ್ಣ ಊರಿನ ಒಡೆತನಕ್ಕಾಗಿ ಮತ್ತೆ ಯುದ್ಧ. 2002ರಲ್ಲಿ ಗಡಿ ಆಯೋಗ ತೀರ್ಪು ಕೊಡಲು ಬಿಚ್ಚಿದ್ದು ಮೆನೆಲಿಕ್ ಕಾಲದ ಆ ಮೂರು ಒಪ್ಪಂದಗಳನ್ನೇ.

ಇಂದು 12 ಕೋಟಿ ಮೀರಿದ ಜನರಿರುವ ಇಥಿಯೋಪಿಯಾ ಕಡಲಿಲ್ಲದ ದೇಶಗಳಲ್ಲಿ ಜನಸಂಖ್ಯೆಯ ಲೆಕ್ಕದಲ್ಲಿ ಜಗತ್ತಿಗೇ ದೊಡ್ಡದು. ಅದರ ಸರಕಿನ ಬಹುಪಾಲು ಜಿಬೂಟಿ ಎಂಬ ಪುಟ್ಟ ನೆರೆಯ ಬಂದರಿನ ಮೂಲಕ ಬರುತ್ತದೆ. ಕೆಂಪು ಸಮುದ್ರ ತಮಗೆ ಬೇಕೇ ಬೇಕೆಂದು ಅಲ್ಲಿನ ನಾಯಕರು ಈಚೆಗೆ ಮತ್ತೆ ಗಟ್ಟಿಯಾಗಿ ಹೇಳುತ್ತಿದ್ದಾರೆ. ಬಂದರಿನ ಅಗತ್ಯ ನಿಜವಾದದ್ದು, ಅದಕ್ಕೆ ಬಾಡಿಗೆ ಕೊಟ್ಟು, ಮಾತುಕತೆ ನಡೆಸಿ ದಾರಿ ಪಡೆಯುವ ಹಕ್ಕೂ ಅವರಿಗಿದೆ. ಸೈನ್ಯ ಇಳಿಸಿ ಪಡೆಯುವ ಹಕ್ಕು ಇಲ್ಲ. ಆ 60 ಕಿಲೋಮೀಟರಿನ ಪಟ್ಟಿ ಖಾಲಿ ನೆಲವಲ್ಲ, ಅಲ್ಲಿ ಅಫಾರ್ ಜನ ಇದ್ದಾರೆ. ಎರಿಟ್ರಿಯಾ, ಜಿಬೂಟಿ, ಇಥಿಯೋಪಿಯಾ ಮೂರರಲ್ಲೂ ಹಂಚಿಹೋಗಿರುವ ಅವರ ನಾಡಿನ ದನಕಿಲ್ ತಗ್ಗಿನಲ್ಲಿ ಕೈಯಿಂದ ಕಡಿದ ಉಪ್ಪಿನ ಹಲಗೆಗಳು ಒಂಟೆಗಳ ಬೆನ್ನೇರಿ ಮೆಕೆಲೆಯ ಸಂತೆಯವರೆಗೆ ಮೇಲೇರುತ್ತಿದ್ದವು. ಇಪ್ಪತ್ತನೆಯ ಶತಮಾನದ ಆರಂಭದವರೆಗೂ ಆ ಹಲಗೆಗಳೇ ಮೇಲ್ನಾಡಿನಲ್ಲಿ ಹಣವಾಗಿ ಚಲಾವಣೆಯಲ್ಲಿದ್ದವು.